ಕೆಂಡಿಗರು ಏನು ತಿನ್ನುತ್ತಾರೆ?

ಪ್ರಿಯ ಲೇಖಕರಿಗೆ, ನಮಸ್ಕಾರ.

‘ಕೆಂಡಿಗರ ನಾಡು’ ಕಾದಂಬರಿಯ ಮೊದಲ ಏಳು ಅಧ್ಯಾಯಗಳನ್ನು ಪೂರ್ತಿ ಓದಿದೆ. ಈಗಿನ ರೂಪದಲ್ಲಿ ಇದನ್ನು ಪ್ರಕಟಿಸಲಾರೆವು. ಆದರೆ ಒಂದು ಸಾಲಿನ ವಿಷಾದ ಪತ್ರ ಬರೆದು ಕೈತೊಳೆದುಕೊಳ್ಳಲು ಮನಸ್ಸು ಒಪ್ಪಲಿಲ್ಲ. ಎದೆಗೂಡಿನಲ್ಲಿ ಬೆಂಕಿ ಹೊತ್ತು ಬದುಕುವ ಜನಾಂಗವೊಂದನ್ನು ಪಶ್ಚಿಮ ಘಟ್ಟದಂಥ ಕಾಡಿನಲ್ಲಿ ನೆಲೆಗೊಳಿಸಿದ ನಿಮ್ಮ ಕಲ್ಪನೆ ಗಟ್ಟಿಯಾದದ್ದು. ಅದನ್ನು ನೀವೇ ಪೂರ್ತಿ ನಂಬಿಲ್ಲ ಎಂಬುದು ನನ್ನ ತಕರಾರು.

ಎರಡನೆಯ ಅಧ್ಯಾಯದ ಹಬ್ಬದೂಟದಲ್ಲಿ ಕೆಂಡಿಗರು ಜೇನು, ಹಣ್ಣು, ಹುರಿದ ಮಾಂಸ ತಿಂದು ನೀರಿನಲ್ಲಿ ಕೈತೊಳೆಯುತ್ತಾರೆ. ಅವರ ಮೈಶಾಖ 2000 ಡಿಗ್ರಿ ಎಂದು ಮೊದಲ ಪುಟದಲ್ಲೇ ಬರೆದಿದ್ದೀರಿ. ಕಬ್ಬಿಣ ಕರಗುವುದು 1538 ಡಿಗ್ರಿ ಸೆಲ್ಸಿಯಸ್‌ನಲ್ಲಿ. ಹಾಗಾದರೆ ಆರನೆಯ ಅಧ್ಯಾಯದ ಕತ್ತಿ ಒರೆಯಿಂದ ಹೊರಬರುವ ಮೊದಲೇ ಕರಗಿ ಹರಿಯಬೇಕಿತ್ತು. ರಾಜ ಮರದ ಸಿಂಹಾಸನದ ಮೇಲೆ ಕೂರುತ್ತಾನೆ. ನಾಯಕಿ ಮನುಷ್ಯ ರಾಜಕುಮಾರನ ಕೈ ಹಿಡಿದು ಅಳುತ್ತಾಳೆ. ಆ ಕಣ್ಣೀರು ಎಲ್ಲಿಂದ ಬಂತು? ಕಲ್ಪಿತ ಲೋಕ ನಮ್ಮ ಲೋಕದ ನಿಯಮಕ್ಕೆ ತಲೆಬಾಗಬೇಕಿಲ್ಲ, ಒಪ್ಪುತ್ತೇನೆ. ಆದರೆ ನೀವೇ ಹಾಕಿದ ನಿಯಮವನ್ನು ನಾಲ್ಕು ಪುಟಗಳಲ್ಲಿ ನೀವೇ ಮರೆತರೆ ಓದುಗರು ಯಾವುದನ್ನು ನಂಬಬೇಕು?

ಮೊದಲು ಆ ಅಂಕಿಯನ್ನು ತೆಗೆದುಹಾಕಿ. ಸುಮ್ಮನೆ ಕುಳಿತ ಮನುಷ್ಯನ ಮೈಯೂ ಉಂಡ ಅನ್ನವನ್ನು ಆಮ್ಲಜನಕದೊಂದಿಗೆ ನಿಧಾನವಾಗಿ ಉರಿಸಿ, ಸುಮಾರು 100 ವಾಟ್ ಬಲ್ಬಿನಷ್ಟು ಶಾಖ ಹೊರಬಿಡುತ್ತದೆ. ಕೆಂಡಿಗರು ಇದೇ ಕೆಲಸವನ್ನು ಜೋರಾಗಿ ಮಾಡುವವರು ಎಂದುಕೊಳ್ಳಿ. ಆಗ ತಮ್ಮ ಬೆಂಕಿಗೆ ತಾವೇ ಆಹುತಿಯಾಗದೆ ಉಳಿಯುವುದೇ ಅವರಿಗೆ ದಿನನಿತ್ಯದ ಚಿಂತೆ. ಬಾಂಬಾರ್ಡಿಯರ್ ಎಂಬ ಜೀರುಂಡೆಯನ್ನು ಗಮನಿಸಿ. ಅದರ ಹೊಟ್ಟೆಯ ಒಂದು ಚೀಲದಲ್ಲಿ ಹೈಡ್ರೋಕ್ವಿನೋನ್ ಮತ್ತು ಹೈಡ್ರೋಜನ್ ಪೆರಾಕ್ಸೈಡ್ ಇರುತ್ತವೆ. ಗಟ್ಟಿ ಗೋಡೆಯ ಇನ್ನೊಂದು ಗೂಡಿನಲ್ಲಿ ಅವನ್ನು ಕೆರಳಿಸುವ ಕಿಣ್ವಗಳು. ಶತ್ರು ಎದುರಾದಾಗ ಮಾತ್ರ ಎರಡೂ ಸೇರುತ್ತವೆ, ಸುಮಾರು 100 ಡಿಗ್ರಿಯ ದ್ರವ ಬಿಟ್ಟುಬಿಟ್ಟು ಚಿಮ್ಮುತ್ತದೆ. ನಿಮ್ಮ ಕೆಂಡಿಗರ ಮೈಯಲ್ಲಿ ಅಂಥ ಗೋಡೆ ಎಲ್ಲಿದೆ? ಮುಪ್ಪಿನಲ್ಲಿ ಅದು ಬಿರುಕು ಬಿಟ್ಟರೆ ಏನಾಗುತ್ತದೆ?

ಖಾಂಡವ ದಹನದ ಕಥೆಯಲ್ಲಿ ಯಜ್ಞದ ತುಪ್ಪ ಕುಡಿದು ಕುಡಿದು ಅಗ್ನಿಗೆ ಅಜೀರ್ಣವಾಗುತ್ತದೆ. ಅದರ ಮದ್ದಿಗೆಂದೇ ಅವನು ಕಾಡನ್ನು ಬೇಡುತ್ತಾನೆ. ಆ ಕಥೆ ಕಟ್ಟಿದವರು ದೇವರಿಗೂ ಒಂದು ಹೊಟ್ಟೆಯನ್ನು ಕೊಟ್ಟರು, ಇಡೀ ಕಥೆ ಆ ಹೊಟ್ಟೆಯಿಂದ ಹುಟ್ಟಿತು. ಕೆಂಡಿಗರ ಹೊಟ್ಟೆಗೆ ಸೌದೆ ಬೇಕು. ಹಾಗಿದ್ದ ಮೇಲೆ ಅವರು ಕಿರೀಟಕ್ಕಾಗಿ ಏಕೆ ಹೊಡೆದಾಡುತ್ತಾರೆ? ಅವರ ಜಗಳ, ಮದುವೆ, ವರದಕ್ಷಿಣೆ, ಸಾಲ ಎಲ್ಲವೂ ಕಾಡಿನ ಸುತ್ತ ಸುತ್ತಬೇಕು. ಕಾಡನ್ನು ಅವರಷ್ಟು ಜತನವಾಗಿ ಕಾಯುವವರೇ ಇರಬಾರದು, ಏಕೆಂದರೆ ಅದು ಮುಗಿದ ದಿನ ಅವರೂ ಮುಗಿದರು. ಬಿಳಿಗಿರಿರಂಗನ ಬೆಟ್ಟದ ಸೋಲಿಗರು ಬೇಸಿಗೆಯ ಆರಂಭದಲ್ಲಿ ತರಗು ಬೆಂಕಿ ಹಾಕುತ್ತಿದ್ದರು. ನೆಲದ ಒಣ ಎಲೆ ಮಾತ್ರ ಸುಟ್ಟು ದೊಡ್ಡ ಮರ ಉಳಿಯುವ ಬೆಂಕಿ ಅದು. 1974ರಲ್ಲಿ ಅಲ್ಲಿ ವನ್ಯಜೀವಿಧಾಮವಾದ ಮೇಲೆ ಅದು ನಿಂತಿತು. ಲಂಟಾನ ಎಂಬ ಕಳೆಪೊದೆ ಹಬ್ಬಲು ಇದೂ ಒಂದು ಕಾರಣ ಎಂದು ಸೋಲಿಗರು ಹೇಳುತ್ತಾರೆ. ಯಾವ ಬೆಂಕಿಯನ್ನು ಯಾವಾಗ, ಎಷ್ಟು ಎತ್ತರಕ್ಕೆ ಬಿಡಬೇಕು ಎಂಬ ಇಂಥ ಸೂಕ್ಷ್ಮ ತಿಳಿವಳಿಕೆ ನಿಮ್ಮ ಕೆಂಡಿಗರಲ್ಲಿ ಒಬ್ಬರಿಗೂ ಇಲ್ಲ. ಮೂರನೆಯ ಅಧ್ಯಾಯದ ಡ್ರ್ಯಾಗನ್ ಅನ್ನು ದಯವಿಟ್ಟು ಬಿಟ್ಟುಬಿಡಿ. ಉತ್ತರ ಆಸ್ಟ್ರೇಲಿಯಾದಲ್ಲಿ ಹದ್ದುಗಳು ಉರಿಯುವ ಕಡ್ಡಿ ಕಚ್ಚಿಕೊಂಡು ಹೋಗಿ ಬೇರೆಡೆ ಬೆಂಕಿ ಹಬ್ಬಿಸಿ, ಹೆದರಿ ಓಡಿಬರುವ ಬೇಟೆಯನ್ನು ಹಿಡಿಯುತ್ತವೆ ಎಂದು ಅಲ್ಲಿನ ಮೂಲನಿವಾಸಿಗಳು ಬಹುಕಾಲದಿಂದ ಬಲ್ಲರು. ಅವುಗಳಲ್ಲೊಂದು ನಮ್ಮ ಊರುಗಳ ಮೇಲೆ ಸುತ್ತುವ ಅದೇ ಜಾತಿಯ ಹದ್ದು. ಕೆಂಡಿಗರು ಅದನ್ನು ಪೂಜಿಸುವರೋ, ಕಂಡಲ್ಲಿ ಕೊಲ್ಲುವರೋ?

ರಾಜನ ಅದ್ದೂರಿ ದಹನ ಸಂಸ್ಕಾರವೂ ಹೀಗೆಯೇ ಯೋಚಿಸದೆ ಬಂದದ್ದು. ಪಾರ್ಸಿಗಳ ಇರಾನ್‌ಶಾ ಅಗ್ನಿ 1742ರಿಂದ ಗುಜರಾತಿನ ಉದ್ವಾಡಾದಲ್ಲಿದೆ. ಉಸಿರು ಸಹ ತಾಗಬಾರದೆಂದು ಅರ್ಚಕರು ಬಾಯಿಗೆ ಬಿಳಿ ಬಟ್ಟೆ ಕಟ್ಟಿಕೊಂಡು ಅದರ ಸೇವೆ ಮಾಡುತ್ತಾರೆ. ಅಗ್ನಿ ಅಷ್ಟು ಪವಿತ್ರವಾದ ಕಾರಣಕ್ಕೇ ಅವರ ಸಂಪ್ರದಾಯದಲ್ಲಿ ಶವವನ್ನು ಅದಕ್ಕೆ ಒಡ್ಡುವಂತಿಲ್ಲ. ಸತ್ತ ಕೆಂಡಿಗನ ಮೈಯಲ್ಲಿ ಉಳಿದ ಇದ್ದಿಲನ್ನು ಮೊಮ್ಮಕ್ಕಳಿಗೆ ಹಂಚಿ ತಿನ್ನಿಸುತ್ತಾರೆಯೇ? ಹೌದು ಎಂದಾದರೆ ಆ ಮನೆಯ ಊಟದ ಹೊತ್ತನ್ನು ಓದಲು ನಾನು ಕಾದಿದ್ದೇನೆ.

ಭಾಷೆಯ ಬಗ್ಗೆ ಒಂದೇ ಮಾತು. ನಾಯಕಿಗೆ ತಂಗಿಯ ಮೇಲೆ ‘ಹೊಟ್ಟೆಕಿಚ್ಚು’ ಎಂದು ಬರೆದಿದ್ದೀರಿ. ಹೊಟ್ಟೆಯಲ್ಲಿ ಕಿಚ್ಚಿರುವುದು ಅವಳಿಗೆ ಆರೋಗ್ಯದ ಲಕ್ಷಣ. ಅವಳ ಅಸೂಯೆಗೆ ತಣ್ಣನೆಯ ಮಾತೊಂದನ್ನು ಹುಡುಕಿ.

ಇನ್ನು ನಾಲ್ಕನೆಯ ಅಧ್ಯಾಯ. ಅಜ್ಜಿ ಮಲಗುವ ಮುನ್ನ ಮಗುವಿನ ಎದೆಯ ಮೇಲೆ ಬೂದಿ ಹರವಿ, ಅಂಗೈಯಿಂದ ಒತ್ತಿ, ಒಂದು ಬೆರಳಿನಷ್ಟು ಜಾಗ ಮಾತ್ರ ತೆರೆದಿಡುತ್ತಾಳೆ. ಬೆಳಗ್ಗೆ ಬೂದಿ ಸರಿಸಿ ಊದುತ್ತಾಳೆ, ಮಗು ಕಣ್ಣು ಬಿಡುತ್ತದೆ. ನಮ್ಮ ಹಳ್ಳಿಗಳ ಒಲೆಯಲ್ಲಿ ರಾತ್ರಿ ಕೆಂಡಕ್ಕೆ ಬೂದಿ ಮುಚ್ಚಿ ಮರುದಿನ ಅದರಿಂದಲೇ ಬೆಂಕಿ ಹೊತ್ತಿಸುತ್ತಿದ್ದವರ ಕೈ ಇದು. ಬೂದಿ ತುಸು ದಪ್ಪವಾದರೆ ಮಗು ಏಳುವುದಿಲ್ಲ, ತೆಳುವಾದರೆ ಬೆಳಗಾಗುವಷ್ಟರಲ್ಲಿ ಉರಿದು ಮುಗಿಯುತ್ತದೆ. ಪ್ರತಿ ರಾತ್ರಿಯೂ ಆ ಅಜ್ಜಿ ಈ ಲೆಕ್ಕ ಹಾಕಬೇಕು. ಇದು ನಿಮಗೆ ಹೊಳೆದಿದೆ ಎಂಬುದೇ ನನಗೆ ಭರವಸೆ. ಆದರೆ ಇದಕ್ಕೆ ಕೊಟ್ಟದ್ದು ನಾಲ್ಕು ಸಾಲು, ಅದರ ಹಿಂದೆಯೇ ಬರುವ ಯುದ್ಧಕ್ಕೆ ಹನ್ನೊಂದು ಪುಟ. ಯುದ್ಧದ ಪುಟಗಳನ್ನು ಯಾರು ಬೇಕಾದರೂ ಬರೆದಿರಬಹುದಿತ್ತು.

ಮತ್ತೊಂದು ಪ್ರಶ್ನೆ ಓದುವಾಗಲೆಲ್ಲ ಕಾಡಿತು: ಏಳು ಅಧ್ಯಾಯಗಳಲ್ಲಿ ಒಮ್ಮೆಯೂ ಮಳೆ ಬಂದಿಲ್ಲ. ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7000 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯುತ್ತದೆ. ಅಂಥ ಕಾಡಿನಲ್ಲಿ ಬೆಂಕಿಯ ಜನರನ್ನು ಇರಿಸಿ ಮಳೆಗಾಲವನ್ನೇ ಮರೆತಿದ್ದೀರಿ. ಮಲೆನಾಡಿನ ಮನೆಗಳಲ್ಲಿ ಮಳೆ ಹಿಡಿಯುವ ಮೊದಲೇ ಸೌದೆ, ತೆಂಗಿನ ಸಿಪ್ಪೆ, ತರಗೆಲೆ ಕೂಡಿಡುವ ಗಡಿಬಿಡಿಯನ್ನು ನೆನೆಯಿರಿ. ಕೆಂಡಿಗರಿಗೆ ಆ ಸೌದೆ ಕೊಟ್ಟಿಗೆಯೇ ಕಣಜ. ಅದರ ಮಾಡು ಸೋರಿದರೆ ಮನೆಮಂದಿಯಲ್ಲಿ ಯಾರಿಗೆ ಒಣ ಸೌದೆ, ಯಾರಿಗೆ ಹಸಿ ಸೌದೆ ಎಂದು ಯಾರಾದರೂ ನಿರ್ಧರಿಸಲೇಬೇಕು.

ಕಾದಂಬರಿಯನ್ನು ಪೂರ್ತಿ ತಿದ್ದಿ ಕಳಿಸುವ ಆತುರ ಬೇಡ. ಮಳೆಗಾಲದ ಮೊದಲ ವಾರವನ್ನು ಮಾತ್ರ ಒಂದು ಅಧ್ಯಾಯವಾಗಿ ಬರೆಯಿರಿ. ರಾಜ, ರಾಜಕುಮಾರ, ಸೈನ್ಯ ಯಾರೂ ಬೇಡ. ಅಜ್ಜಿ, ಮಗು, ನಾಯಕಿ ಮತ್ತು ಅವಳ ತಂಗಿ ಸಾಕು. ಬರೆದಾದ ಕೂಡಲೇ ನನ್ನ ಹೆಸರಿಗೇ ಕಳಿಸಿ, ಓದಿ ಉತ್ತರಿಸುತ್ತೇನೆ.

ವಿಶ್ವಾಸದಿಂದ,
ಸಂಪಾದಕ