ರೊಮೇನಿಯಾದ ವಿಸ್ಕ್ರಿ ಹಳ್ಳಿ ನೋಡಿದರೆ ಸಾಕಾ, ಅಕ್ಕಪಕ್ಕದ ಹಳ್ಳಿಗಳಿಗೂ ಹೋಗಬೇಕಾ?

ಬ್ರಾಶೋವ್ ನಗರದಿಂದ ಕಾರಿನಲ್ಲಿ ಹೋಗಿ ವಿಸ್ಕ್ರಿ ಒಂದನ್ನೇ ನೋಡಿ ಬರುತ್ತೇನೆ ಅಂತ ಬರೆದಿದ್ದೀರಿ. ಹಾಗೆ ಮಾಡಬೇಡಿ ಅಂತಲೇ ನಾನು ಹೇಳುತ್ತೇನೆ.

ವಿಸ್ಕ್ರಿ ಇರುವುದು ಬುನೆಷ್ಟಿ ಕೊಮುನಾದಲ್ಲಿ. ಕೊಮುನಾ ಹೆಚ್ಚುಕಡಿಮೆ ನಮ್ಮ ಗ್ರಾಮ ಪಂಚಾಯತಿ ಇದ್ದ ಹಾಗೆ. ಹಲವು ಹಳ್ಳಿಗಳಿಗೆ ಒಬ್ಬರೇ ಮೇಯರ್, ಒಂದೇ ಕಚೇರಿ. ಇಲ್ಲಿ ಐದು ಹಳ್ಳಿಗಳಿವೆ: ಬುನೆಷ್ಟಿ, ವಿಸ್ಕ್ರಿ, ಕ್ರಿಟ್ಸ್, ಮೆಷೆಂಡೋರ್ಫ್, ರೊವಾದೆಶ್. ಐದೂ ಜರ್ಮನ್ ಮಾತಾಡುವ ಸ್ಯಾಕ್ಸನ್ನರು ಕಟ್ಟಿದ ಊರುಗಳು. 12ನೇ ಶತಮಾನದಲ್ಲಿ ಹಂಗೇರಿಯ ರಾಜ ಎರಡನೇ ಗೇಜಾ ಗಡಿ ಕಾಯಲು ಇಂಥ ಜನರನ್ನು ಈ ಊರುಗಳಿರುವ ಟ್ರಾನ್ಸಿಲ್ವೇನಿಯಾ ಪ್ರದೇಶಕ್ಕೆ ಕರೆಸಿದ್ದ. ದಾಳಿಯ ಭಯಕ್ಕೆ ಚರ್ಚಿನ ಸುತ್ತ ಕೋಟೆ ಕಟ್ಟಿಕೊಂಡರು. ಕೋಟೆಯ ಒಂದು ಗೋಪುರದಲ್ಲಿ ಊರಿನವರೆಲ್ಲ ತಮ್ಮ ತಮ್ಮ ಮನೆಯ ಗುರುತು ಹಾಕಿ ಹಂದಿ ಕೊಬ್ಬನ್ನು ತೂಗುಹಾಕುತ್ತಿದ್ದರು!

ವಿಸ್ಕ್ರಿ 1999ರಲ್ಲಿ ಯುನೆಸ್ಕೊ ವಿಶ್ವ ಪರಂಪರೆ ಪಟ್ಟಿಗೆ ಸೇರಿತು. 2006ರಲ್ಲಿ ಆಗಿನ ಬ್ರಿಟನ್ ಯುವರಾಜ ಚಾರ್ಲ್ಸ್ ಅಲ್ಲಿ ಒಂದು ಹಳೇ ಮನೆ ಕೊಂಡರು. ಆಮೇಲೆ ಕೇಳಬೇಕಾ? ಬೇಸಿಗೆಯ ಶನಿವಾರ, ಭಾನುವಾರ ಹೋದರೆ ಊರಿನವರಿಗಿಂತ ಪ್ರವಾಸಿಗರೇ ಜಾಸ್ತಿ. ಊರು ಚೆಂದ, ಅದರಲ್ಲಿ ಎರಡು ಮಾತಿಲ್ಲ. ನೀಲಿ, ಹಸಿರು, ಕಾವಿ ಬಣ್ಣದ ಮನೆಗಳು, ದೊಡ್ಡ ಮರದ ಬಾಗಿಲುಗಳು. ಆದರೆ ದುಡ್ಡು ಮತ್ತು ಹೆಸರು ಎರಡೂ ಬಂದ ಹಳ್ಳಿ ಅದು.

ಅವು ಅಷ್ಟಾಗಿ ಬರದ ಹಳ್ಳಿ ಹೇಗಿರುತ್ತದೆ ಅಂತ ಗೊತ್ತಾಗಬೇಕಾದರೆ ರೊವಾದೆಶ್‌ಗೆ ಹೋಗಿ. 1989ರಲ್ಲಿ ಕಮ್ಯುನಿಸ್ಟ್ ಸರ್ವಾಧಿಕಾರಿ ಚೌಷೆಸ್ಕು ಆಡಳಿತ ಬಿದ್ದ ಮೇಲೆ ಸ್ಯಾಕ್ಸನ್ನರಲ್ಲಿ ಬಹುತೇಕ ಮಂದಿ ಜರ್ಮನಿಗೆ ಹೊರಟುಹೋದರು. ಚರ್ಚುಗಳನ್ನು ನೋಡಿಕೊಳ್ಳುವವರೇ ಇಲ್ಲವಾದರು. 2016ರ ಫೆಬ್ರವರಿಯಲ್ಲಿ ರೊವಾದೆಶ್ ಚರ್ಚಿನ ಗೋಪುರದ ಒಂದು ಭಾಗ ಕುಸಿದೇ ಬಿತ್ತು. ಈಗ ಈ ಊರುಗಳಲ್ಲಿ ಹೆಚ್ಚಾಗಿ ಇರುವವರು ರೊಮೇನಿಯನ್ನರು ಮತ್ತು ರೋಮಾ (ಹಿಂದೆ ಜಿಪ್ಸಿಗಳು ಅಂತ ಕರೆಯುತ್ತಿದ್ದ) ಜನ. ಸ್ಯಾಕ್ಸನ್ನರ ಕಥೆಯಷ್ಟೇ ಕೇಳಿಕೊಂಡು ಇವರನ್ನು ನೋಡಿಯೂ ನೋಡದಂತೆ ಬರುವ ಪ್ರವಾಸಿಗರನ್ನು ಕಂಡರೆ ನನಗೆ ಸ್ವಲ್ಪ ಸಿಟ್ಟು. ದನ ಮೇಯಿಸುತ್ತಾ, ಹೊಲ ಉಳುತ್ತಾ ಊರನ್ನು ಉಳಿಸಿಕೊಂಡಿರುವವರು ಇವರೇ ಅಲ್ವಾ?

ಒಂದೇ ದಿನ ಇದ್ದರೆ ಬೆಳಿಗ್ಗೆ ಬೇಗ ವಿಸ್ಕ್ರಿ, ಮಧ್ಯಾಹ್ನ ರೊವಾದೆಶ್. ಇನ್ನೊಂದು ದಿನ ಸಿಕ್ಕರೆ ಕ್ರಿಟ್ಸ್ ಅಥವಾ ಮೆಷೆಂಡೋರ್ಫ್‌ನಲ್ಲಿ ಉಳಿದುಕೊಳ್ಳಿ. ಬುನೆಷ್ಟಿ ಹೆದ್ದಾರಿಯಲ್ಲೇ ಇದೆ, ದಾರಿಯಲ್ಲಿ ಸಿಗುತ್ತದೆ. ವಿಸ್ಕ್ರಿಯಲ್ಲಿ ಕಾರನ್ನು ಊರಾಚೆಯೇ ನಿಲ್ಲಿಸಿ ನಡೆಯಿರಿ. ಬೇರೆ ಹಳ್ಳಿಗಳಲ್ಲಿ ಚರ್ಚಿಗೆ ಬೀಗ ಹಾಕಿದ್ದರೆ ಸುಮ್ನೆ ವಾಪಸ್ ಬರಬೇಡಿ. ಬೀಗದ ಕೈ ಸಾಮಾನ್ಯವಾಗಿ ಊರಲ್ಲೇ ಯಾರ ಹತ್ತಿರವಾದರೂ ಇರುತ್ತದೆ, ಕೇಳಿ ನೋಡಿ.

ಊಟದ ಬಗ್ಗೆಯೂ ಕೇಳಿದ್ದಿರಿ. ಸಸ್ಯಾಹಾರಿಗಳಾದರೆ ಮಮಲಿಗಾ ಕೇಳಿ. ಮೆಕ್ಕೆಜೋಳದ ಹಿಟ್ಟಿನ ಮುದ್ದೆ ಅನ್ನಿ, ಮೇಲೆ ಚೀಸ್, ಹುಳಿ ಕೆನೆ. ಹಾಲು, ಮೊಟ್ಟೆಯೂ ಬೇಡ ಅಂದರೆ 'ದೆ ಪೋಸ್ಟ್' ಅನ್ನಿ. ಅಲ್ಲಿನ ಆರ್ಥಡಾಕ್ಸ್ ಕ್ರೈಸ್ತರ ಉಪವಾಸದ ಊಟ ಅದು, ಎಲ್ಲರಿಗೂ ಅರ್ಥವಾಗುತ್ತದೆ.