ಕುಮಟಾದಲ್ಲಿದ್ದುಕೊಂಡು ವಿದೇಶ ವಿದ್ಯಮಾನ ಬರೆಯುವ ಪತ್ರಕರ್ತೆ ಆಗಬಹುದೇ?

ಕುಮಟಾದಲ್ಲಿ ಬಿಎ ಓದುತ್ತಿದ್ದೀರಿ, ಕಲಿತದ್ದೆಲ್ಲ ಕನ್ನಡ ಮಾಧ್ಯಮ, ಅಂತರರಾಷ್ಟ್ರೀಯ ವಿದ್ಯಮಾನಗಳ ಬಗ್ಗೆ ಬರೆಯಬೇಕು, ಮುಂದೆ ಪುಸ್ತಕವನ್ನೂ ತರಬೇಕು. ದೆಹಲಿಗೆ ಹೋಗದೆ ಇದಾಗುತ್ತದೆಯೇ ಎಂದು ಕೇಳಿದ್ದೀರಿ.

ಆಗುತ್ತದೆ. ನಾನು ಶಿರಸಿ ಕಡೆಯವನು. ಕನ್ನಡ ಪತ್ರಿಕೆಯೊಂದರಲ್ಲಿ ವಿದೇಶ ಪುಟ ನೋಡಿಕೊಳ್ಳುತ್ತಿದ್ದೆ, ಈಗ ಊರಲ್ಲೇ ಇದ್ದು ಅಂಕಣ, ಪುಸ್ತಕ ಬರೆಯುತ್ತೇನೆ. ಒಂದು ವಿಷಯ ಮೊದಲೇ ತಿಳಿದಿರಲಿ: ಕನ್ನಡ ಪತ್ರಿಕೆಗಳು ಬೀಜಿಂಗಿನಲ್ಲೋ ಲಂಡನ್ನಿನಲ್ಲೋ ಕಾಯಂ ವರದಿಗಾರರನ್ನು ಇಡುವುದು ಇಲ್ಲವೆನ್ನುವಷ್ಟು ಕಡಿಮೆ. ನಿಮಗೆ ಮೊದಲು ಸಿಗುವುದು ಬಹುಶಃ ರಾತ್ರಿ ಪಾಳಿಯ ಡೆಸ್ಕ್ ಕೆಲಸ. ಪಿಟಿಐ, ಎಎಫ್‌ಪಿ, ರಾಯಿಟರ್ಸ್ ಸುದ್ದಿಸಂಸ್ಥೆಗಳ ವರದಿ ಬರುತ್ತಲೇ ಇರುತ್ತದೆ. ಒಂದೇ ದಾಳಿ, ಸತ್ತವರ ಲೆಕ್ಕ ಮಾತ್ರ ಮೂರು ಥರ. ಆ ಸಂಖ್ಯೆ ಕೊಟ್ಟದ್ದು ಸೇನೆಯೋ ಆಸ್ಪತ್ರೆಯೋ ಎಂದು ಹುಡುಕಿ, ಅದನ್ನು ವಾಕ್ಯದಲ್ಲೇ ಹೇಳಿ, ಪುಟ ಮುದ್ರಣಕ್ಕೆ ಬಿಡುವ ಹೊತ್ತಿಗೆ ಮುಗಿಸಬೇಕು. ಬೈಲೈನ್, ಅಂದರೆ ಸುದ್ದಿಯ ಜೊತೆ ನಿಮ್ಮ ಹೆಸರು, ಇರುವುದಿಲ್ಲ. ಆ ಕೆಲಸವನ್ನು ಕೀಳೆಂದು ತಿಳಿಯಬೇಡಿ, ಸುದ್ದಿಯ ಮೂಲ ಹುಡುಕುವ ಅಭ್ಯಾಸ ನನಗೆ ಬಂದದ್ದು ಅಲ್ಲೇ.

ಇನ್ನು ದೆಹಲಿ. ನಮ್ಮ ಜಿಲ್ಲೆಯವರಿಗಿರುವ ಅನುಕೂಲ ದೆಹಲಿಯಲ್ಲಿ ಕುಳಿತವರಿಗಿಲ್ಲ ಎಂದೇ ನಾನು ನಂಬಿದ್ದೇನೆ. 2022ರ ಸೆಪ್ಟೆಂಬರಿನಲ್ಲಿ ಕೇಂದ್ರ ಸರ್ಕಾರ ಭೂತಾನಿನಿಂದ ವರ್ಷಕ್ಕೆ 17,000 ಟನ್ ಹಸಿ ಅಡಿಕೆಯನ್ನು ಕನಿಷ್ಠ ಆಮದು ಬೆಲೆಯ (ಅದಕ್ಕಿಂತ ಅಗ್ಗದ ಮಾಲು ತರಿಸುವಂತಿಲ್ಲ ಎಂಬ ಮಿತಿ) ಷರತ್ತಿಲ್ಲದೆ ತರಿಸಲು ಒಪ್ಪಿತು. ಬೆಳೆಗಾರರಲ್ಲಿ ದರ ಬಿದ್ದೇಹೋಯಿತು ಎಂಬ ಆತಂಕ. ಅಧಿಸೂಚನೆಯನ್ನೇ ತೆಗೆದು ಓದಿದರೆ ಎರಡು ಸಂಗತಿ ಕಾಣುತ್ತಿತ್ತು: ಬರುವುದು ಹಸಿ ಅಡಿಕೆ, ಅದೂ ಪಶ್ಚಿಮ ಬಂಗಾಳದ ಜೈಗಾಂವ್ ಸುಂಕದ ಠಾಣೆಯ ಮೂಲಕ. ಹಸಿ ಅಡಿಕೆ ಸುಲಿದು ಒಣಗಿಸಿದ ಮೇಲೆ ತೂಕ ಎಲ್ಲಿಗೆ ಇಳಿಯುತ್ತದೆ ಎನ್ನುವುದು ಕೊನೆಕೊಯ್ಲು ನೋಡಿ ಬೆಳೆದವರಿಗೆ ಯಾರೂ ಹೇಳಿಕೊಡಬೇಕಿಲ್ಲ. 17,000 ಟನ್ ಎಂದ ಕೂಡಲೇ ಅವರ ತಲೆಯಲ್ಲಿ ಲೆಕ್ಕ ಶುರುವಾಗುತ್ತದೆ. ಹಾಗಾದರೆ ಭಾರತ ಭೂತಾನಿಗೇ ಏಕೆ ಈ ರಿಯಾಯಿತಿ ಕೊಟ್ಟಿತು? ಆ ಪ್ರಶ್ನೆಯ ಬೆನ್ನು ಹತ್ತಿದರೆ ಭೂತಾನ್–ಚೀನಾ ಗಡಿ ತಕರಾರು, ಅದೇ ಗಡಿಯಲ್ಲಿ ಭಾರತ–ಚೀನಾ ಸೇನೆಗಳು ಎದುರುಬದುರಾದ 2017ರ ಡೋಕ್ಲಾಮ್ ಬಿಕ್ಕಟ್ಟು ಎಲ್ಲ ಓದಬೇಕಾಗುತ್ತದೆ. 2023ರ ಫೆಬ್ರುವರಿಯಲ್ಲಿ ಕನಿಷ್ಠ ಆಮದು ಬೆಲೆ ಕಿಲೋಗೆ 251 ರೂಪಾಯಿಯಿಂದ 351ಕ್ಕೆ ಏರಿತು. ಇದಕ್ಕಿಂತ ಒಳ್ಳೆಯ ವಿದೇಶಾಂಗ ನೀತಿಯ ಪಾಠ ನಮಗೆ ಎಲ್ಲಿ ಸಿಗಬೇಕು?

ಮುಂಡಗೋಡಿನ ಟಿಬೆಟನ್ ಕಾಲೊನಿ 1966ರಿಂದ ಇದೆ. ಟಿಬೆಟಿನಿಂದ ಬಂದವರು ದ್ರೆಪುಂಗ್, ಗಾಂದೆನ್ ಮಠಗಳನ್ನು ಅಲ್ಲಿ ಮತ್ತೆ ಕಟ್ಟಿಕೊಂಡಿದ್ದಾರೆ. ವಿದೇಶಿ ಪತ್ರಕರ್ತರು ಅಲ್ಲಿಗೆ ಬರಲು ಸರ್ಕಾರದ ವಿಶೇಷ ಪರವಾನಗಿ ಪಡೆಯಬೇಕು. ನಿಮಗೆ ಶಿರಸಿಯಿಂದ ಬಸ್ಸು ಹತ್ತಿದರೆ ಸಾಕು. 2025ರ ಜುಲೈ 2ರಂದು ದಲೈ ಲಾಮಾ ತಮ್ಮ ನಂತರವೂ ಆ ಪರಂಪರೆ ಮುಂದುವರಿಯುತ್ತದೆ, ಉತ್ತರಾಧಿಕಾರಿಯನ್ನು ಗುರುತಿಸುವುದು ತಮ್ಮ ಟ್ರಸ್ಟಿನದೇ ಅಧಿಕಾರ ಎಂದು ಘೋಷಿಸಿದರು. ಚೀನಾ ಅದನ್ನು ತಿರಸ್ಕರಿಸಿತು. ಜಗತ್ತಿನ ಪತ್ರಿಕೆಗಳೆಲ್ಲ ದಲೈ ಲಾಮಾ ಇರುವ ಧರ್ಮಶಾಲಾ ಊರಿನ ಕಡೆ ನೋಡುತ್ತಿದ್ದಾಗ ಮುಂಡಗೋಡಿನಲ್ಲೇ ಹುಟ್ಟಿ ಬೆಳೆದ ಟಿಬೆಟನ್ ಹುಡುಗರು ಏನು ಯೋಚಿಸುತ್ತಾರೆ ಎಂದು ಕೇಳಬಹುದಾಗಿದ್ದವರು ನಾವು. ಬೇಲೆಕೇರಿ ಬಂದರಿನಿಂದ ಚೀನಾಕ್ಕೆ ಹೋದ ಕಬ್ಬಿಣದ ಅದಿರು, ಭಟ್ಕಳದ ಮನೆಗಳಿಗೆ ಬರುವ ಕೊಲ್ಲಿ ದೇಶಗಳ ದುಡಿಮೆ, ರಷ್ಯಾದಿಂದ 2014ರ ಜನವರಿಯಲ್ಲಿ ಕಾರವಾರಕ್ಕೆ ಬಂದ ವಿಕ್ರಮಾದಿತ್ಯ ವಿಮಾನವಾಹಕ ನೌಕೆ, ಇವೆಲ್ಲ ನಿಮ್ಮ ಜಿಲ್ಲೆಯ ಸುದ್ದಿಗಳೇ.

ಇಂಗ್ಲಿಷ್ ಓದಲು ಬರಲೇಬೇಕು, ಅದರಲ್ಲಿ ರಿಯಾಯಿತಿ ಇಲ್ಲ. ಒಪ್ಪಂದ, ಅಧಿಸೂಚನೆ, ಸಂಸತ್ತಿನ ಉತ್ತರಗಳನ್ನು ಮೂಲದಲ್ಲೇ ಓದಿ. ನಿರರ್ಗಳವಾಗಿ ಮಾತಾಡಲು ಬರುವುದಿಲ್ಲ ಎಂಬ ಚಿಂತೆ ಬೇಡ.

ಪುಸ್ತಕದ ದುಡ್ಡಿನ ಲೆಕ್ಕವನ್ನೂ ಹೇಳಿಬಿಡುತ್ತೇನೆ. ಕನ್ನಡದಲ್ಲಿ ಸಾಮಾನ್ಯವಾಗಿ ಮೊದಲ ಮುದ್ರಣ ಸಾವಿರ ಪ್ರತಿ, ಗೌರವಧನ ಶೇ 10. ಬೆಲೆ 200 ರೂಪಾಯಿ ಇಟ್ಟು ಎಲ್ಲ ಪ್ರತಿ ಮಾರಾಟವಾದರೂ ಕೈಗೆ ಬರುವುದು 20,000. ಹೊಟ್ಟೆಪಾಡಿಗೆ ಸಂಬಳದ ಕೆಲಸ ಇರಲಿ. ಅಂಕಣಗಳನ್ನು ಗುಡ್ಡೆಹಾಕಿ ಪುಸ್ತಕ ಮಾಡಬೇಡಿ. ಒಂದು ವರ್ಷ ಕಳೆದರೆ ಅವು ಹಳಸುತ್ತವೆ. ಒಂದೇ ದೇಶವನ್ನೋ ಒಂದೇ ಸರಕನ್ನೋ ಹಿಡಿದು ವರ್ಷಗಟ್ಟಲೆ ಅದರ ಹಿಂದೆ ಬಿದ್ದವರ ಪುಸ್ತಕ ಬೇರೆಯೇ ಇರುತ್ತದೆ.

ಈ ರಜೆಯಲ್ಲಿ ಮುಂಡಗೋಡಕ್ಕೆ ಹೋಗಿ ಬನ್ನಿ. ಬರೆದದ್ದನ್ನು ನನಗೂ ಕಳಿಸಿ, ಓದಿ ಹೇಳುತ್ತೇನೆ.