ವಿಚಾರಣಾ ವರದಿ ಕೊಡದೆ ವಜಾ ಮಾಡಬಹುದಾ?

ಸರ್, ನಿಮ್ಮ ತಮ್ಮನನ್ನು ತುಮಕೂರಿನ ಸರ್ಕಾರಿ ಕಚೇರಿಯಿಂದ ವಿಚಾರಣಾ ವರದಿಯನ್ನೇ ಕೊಡದೆ ವಜಾ ಮಾಡಿದ್ದಾರೆ, ಇದು ಸರೀನಾ ಅಂತ ಕೇಳಿದ್ದೀರಿ. ಓದಿ ತುಂಬಾ ಬೇಜಾರಾಯ್ತು. ಸರಿಯಲ್ಲ. ಸಂವಿಧಾನದ 311ನೇ ವಿಧಿ ಪ್ರಕಾರ ಆರೋಪ ತಿಳಿಸಬೇಕು, ಉತ್ತರಿಸಲು ಅವಕಾಶ ಕೊಡಬೇಕು. ಕ್ರಿಮಿನಲ್ ಕೇಸಲ್ಲಿ ಶಿಕ್ಷೆಯಾಗಿದ್ದರೆ ಮಾತು ಬೇರೆ. ವಿಚಾರಣೆ ಮಾಡಿದವರು ಶಿಕ್ಷೆ ಕೊಡುವ ಅಧಿಕಾರಿಯಲ್ಲದೆ ಬೇರೆಯವರಾದರೆ, ಶಿಕ್ಷೆ ತೀರ್ಮಾನಿಸುವ ಮೊದಲೇ ವರದಿಯ ಪ್ರತಿ ನೌಕರನಿಗೆ ಸಿಗಬೇಕು. 1993ರ ಕರುಣಾಕರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ.

ಆದರೆ ವರದಿ ಸಿಗಲಿಲ್ಲ ಅಂದಮಾತ್ರಕ್ಕೆ ಆದೇಶ ತಾನಾಗೇ ಬಿದ್ದುಹೋಗುವುದಿಲ್ಲ. ಅದರಿಂದ ತನಗೇನು ಅನ್ಯಾಯವಾಯಿತು ಅಂತ ತೋರಿಸಬೇಕು. ವರದಿ ಕೈಲಿದ್ದಿದ್ದರೆ ಯಾವ ಸಾಕ್ಷಿಯ ಮಾತು ತಪ್ಪು ಅನ್ನುತ್ತಿದ್ದೆ, ಯಾವ ದಾಖಲೆ ತೋರಿಸುತ್ತಿದ್ದೆ ಅಂತ ತಮ್ಮನೇ ಕೂತು ಬರೆಯಲಿ. ಈಗಲೇ ವರದಿಯ ಪ್ರತಿ ಕೇಳಿ ಅರ್ಜಿ ಕೊಡಿ, ಸ್ವೀಕೃತಿ ಇಟ್ಟುಕೊಳ್ಳಿ. ಮೊದಲು ಇಲಾಖೆಯಲ್ಲೇ ಮೇಲ್ಮನವಿ, ಆಮೇಲೆ ಬೆಂಗಳೂರಿನ ಕೆಎಟಿ, ಅಂದರೆ ರಾಜ್ಯ ಸರ್ಕಾರಿ ನೌಕರರ ಕೇಸು ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ. ಎರಡಕ್ಕೂ ಗಡುವು ಇದೆ, ಸುಮ್ನೆ ಕೂರಬೇಡಿ.